ಮಾತು ನಡೆದದ್ದು ಯಾರ ಮನೆಯಲ್ಲಿ?

ಸೆಲೆಬ್ರಿಟಿ ಟಾಕ್ ಶೋ ಹುಟ್ಟಿದ್ದು ಯಾವಾಗ ಎಂದು ಕೇಳಿದರೆ ಹೆಚ್ಚಿನವರು 1954ರ ಸೆಪ್ಟೆಂಬರ್ 27ರ ರಾತ್ರಿಯನ್ನು ತೋರಿಸುತ್ತಾರೆ. ಅಂದು ನ್ಯೂಯಾರ್ಕಿನ ಹಡ್ಸನ್ ಥಿಯೇಟರಿನಿಂದ ಸ್ಟೀವ್ ಆಲನ್ ಅವರು ಎನ್‌ಬಿಸಿ ವಾಹಿನಿಯಲ್ಲಿ ‘ಟುನೈಟ್’ ಕಾರ್ಯಕ್ರಮವನ್ನು ಆರಂಭಿಸಿದರು. ಮೇಜಿನ ಹಿಂದೆ ನಿರೂಪಕ, ಪಕ್ಕದ ಕುರ್ಚಿಯಲ್ಲಿ ಹೆಸರಾಂತ ಅತಿಥಿ, ಎದುರಿಗೆ ನಗಲು ಸಿದ್ಧರಾಗಿ ಕುಳಿತ ಪ್ರೇಕ್ಷಕರು, ಒಂದು ಬದಿಯಲ್ಲಿ ವಾದ್ಯವೃಂದ; ಇಂದಿಗೂ ಜಗತ್ತಿನ ಬಹುಪಾಲು ವಾಹಿನಿಗಳು ಬಳಸುವ ಚೌಕಟ್ಟು ಗಟ್ಟಿಯಾದದ್ದು ಅಲ್ಲಿಂದಲೇ ಎನ್ನುವುದು ನಿಜ. ಆದರೆ ಆ ಕಾಲದಿಂದ ಉಳಿದುಬಂದಿರುವ ದೃಶ್ಯಗಳನ್ನೂ ಅವುಗಳ ಬಗೆಗಿನ ಬರಹಗಳನ್ನೂ ಗಮನಿಸುತ್ತ ಹೋದಂತೆ, ಆ ಮೇಜು ಒಂದೇ ದಿನದಲ್ಲಿ ಗೆದ್ದದ್ದಲ್ಲ, ಖ್ಯಾತರೊಂದಿಗೆ ಮಾತಾಡುವ ಬೇರೆ ಬೇರೆ ಏರ್ಪಾಟುಗಳ ನಡುವೆ ನಿಂತು ಗೆದ್ದದ್ದು ಎಂಬುದು ನನಗೆ ಸ್ಪಷ್ಟವಾಗುತ್ತ ಬಂದಿದೆ. ಆ ಏರ್ಪಾಟುಗಳನ್ನು ಒಂದೇ ಪ್ರಶ್ನೆಯಿಂದ ಬಿಡಿಸಿ ನೋಡಬಹುದು ಎಂದು ನನಗನ್ನಿಸುತ್ತದೆ: ಮಾತು ನಡೆಯುತ್ತಿರುವುದು ಯಾರ ಮನೆಯಲ್ಲಿ? ಕೇಳುವವರು ಯಜಮಾನರೋ, ಬಂದವರೋ? ಯಾವ ಪ್ರಶ್ನೆಗೆ ಅವಕಾಶವಿದೆ, ಯಾವ ಉತ್ತರ ಹೊರಬರುತ್ತದೆ ಎಂಬುದನ್ನು ಬಹುಮಟ್ಟಿಗೆ ನಿರ್ಧರಿಸಿದ್ದು ನಿರೂಪಕರ ಜಾಣ್ಮೆಗಿಂತ ಹೆಚ್ಚಾಗಿ ಈ ಏರ್ಪಾಟು.

ಇದರ ಬೇರು ಪತ್ರಿಕೆಗಳಲ್ಲಿದೆ. 1859ರ ಜುಲೈಯಲ್ಲಿ ‘ನ್ಯೂಯಾರ್ಕ್ ಟ್ರಿಬ್ಯೂನ್’ ಸಂಪಾದಕ ಹೊರೇಸ್ ಗ್ರೀಲಿ ಅವರು ಸಾಲ್ಟ್ ಲೇಕ್ ಸಿಟಿಗೆ ಹೋಗಿ ಮಾರ್ಮನ್ ಪಂಥದ ನಾಯಕ ಬ್ರಿಗಮ್ ಯಂಗ್ ಅವರೊಡನೆ ಮಾತಾಡಿದರು. ಪ್ರಶ್ನೆ ಮತ್ತು ಉತ್ತರಗಳನ್ನು ಒಂದರ ಕೆಳಗೊಂದು ಹಾಗೆಯೇ ಅಚ್ಚುಮಾಡಿದರು. ನಿಮ್ಮಲ್ಲಿ ಒಬ್ಬರಿಗೆ ಅತಿ ಹೆಚ್ಚೆಂದರೆ ಎಷ್ಟು ಮಂದಿ ಹೆಂಡಂದಿರಿದ್ದಾರೆ ಎಂದು ಗ್ರೀಲಿ ಕೇಳಿದರೆ, ನನಗೆ ಹದಿನೈದು, ಅದಕ್ಕಿಂತ ಹೆಚ್ಚಿರುವವರನ್ನು ನಾನು ಕಾಣೆ ಎಂದು ಯಂಗ್ ಉತ್ತರಿಸಿದ್ದು ಆ ಪುಟಗಳಲ್ಲಿದೆ. ಲಂಡನ್ನಿನಲ್ಲಿ ಎಡ್ಮಂಡ್ ಯೇಟ್ಸ್ ಅವರು 1870ರ ದಶಕದಲ್ಲಿ ತಮ್ಮ ‘ದ ವರ್ಲ್ಡ್’ ವಾರಪತ್ರಿಕೆಯಲ್ಲಿ ಖ್ಯಾತರನ್ನು ಅವರವರ ಮನೆಯಲ್ಲೇ ಕಂಡು ಚಿತ್ರಿಸುವ ಸರಣಿಯೊಂದನ್ನು ನಡೆಸಿದರು. ಓದುಗರಿಗೆ ಬೇಕಾಗಿದ್ದದ್ದು ದೊಡ್ಡವರ ಅಭಿಪ್ರಾಯಗಳಷ್ಟೇ ಅಲ್ಲ, ಅವರು ಕೂರುವ ಕೋಣೆ, ಗೋಡೆಯ ಮೇಲಿನ ಚಿತ್ರ, ಮೇಜಿನ ಮೇಲೆ ಹರಡಿದ ಕಾಗದಪತ್ರ ಎಂಬುದನ್ನು ಯೇಟ್ಸ್ ಬಹಳ ಮೊದಲೇ ಕಂಡುಕೊಂಡಿದ್ದರು.

ಅಮೆರಿಕದ ರೇಡಿಯೊ ಈ ಆಸೆಗೆ ದನಿ ಕೊಟ್ಟಿತು. ಅದರ ಮೊದಲ ದಾರಿ ಮಾತ್ರ ಅಷ್ಟು ಹಿತವಾದದ್ದಲ್ಲ. ಹಾಲಿವುಡ್ಡಿನ ಅಂಕಣಕಾರ್ತಿ ಲೂಯೆಲ್ಲಾ ಪಾರ್ಸನ್ಸ್ ಅವರು 1934ರಲ್ಲಿ ಶುರುವಾದ ‘ಹಾಲಿವುಡ್ ಹೋಟೆಲ್’ ಕಾರ್ಯಕ್ರಮಕ್ಕೆ ಚಿತ್ರತಾರೆಯರನ್ನು ಕರೆತರುತ್ತಿದ್ದರು. ಪ್ರಾಯೋಜಕರು ಕ್ಯಾಂಪ್‌ಬೆಲ್ ಸೂಪ್ ಕಂಪನಿಯವರು. ಬಂದ ತಾರೆಯರಿಗೆ ಸಂಭಾವನೆ ಇರಲಿಲ್ಲ. ಹರ್ಸ್ಟ್ ಪತ್ರಿಕಾ ಸಮೂಹದಲ್ಲಿ ಪ್ರಕಟವಾಗುತ್ತಿದ್ದ ಅವರ ಅಂಕಣದ ಭಯವೇ ಎಲ್ಲರನ್ನೂ ಕರೆತರಲು ಸಾಕಾಗಿತ್ತು. ಪುಕ್ಕಟೆ ದುಡಿಮೆಯ ವಿರುದ್ಧ ಕಲಾವಿದರ ಸಂಘಟನೆ ದನಿಯೆತ್ತಿದ ಮೇಲೆ, 1938ರ ಹೊತ್ತಿಗೆ ಆ ವ್ಯವಸ್ಥೆ ಮುಗಿಯಿತು. ಹೊಸ ಚಿತ್ರದ ಬಿಡುಗಡೆಯ ವಾರದಲ್ಲಿ ನಟನಟಿಯರು ಒಂದಾದ ಮೇಲೊಂದು ಕಾರ್ಯಕ್ರಮದಲ್ಲಿ ಕಾಣಿಸಿಕೊಳ್ಳುವ ಇಂದಿನ ಪದ್ಧತಿಯನ್ನು ಕಂಡಾಗ, ಅದರ ಹಿಂದಿನ ಲೇವಾದೇವಿ ಎಷ್ಟು ಹಳೆಯದೆಂಬುದು ಮರೆಯಬಾರದ ಸಂಗತಿ.

ಅದೇ 1934ರಲ್ಲಿ, ದೇಶದ ಇನ್ನೊಂದು ತುದಿಯಲ್ಲಿ, ನನ್ನ ಮಟ್ಟಿಗೆ ಈ ಕಥೆಯ ಅತ್ಯಂತ ಪ್ರೀತಿಯ ವ್ಯಕ್ತಿ ಮೈಕಿನ ಮುಂದೆ ಬಂದರು. ಮಿಸ್ಸೌರಿ ರಾಜ್ಯದ ಸಣ್ಣ ಊರಿನಿಂದ ಬಂದ ಪತ್ರಕರ್ತೆ ಮೇರಿ ಮಾರ್ಗರೆಟ್ ಮೆಕ್‌ಬ್ರೈಡ್ ಅವರಿಗೆ ನ್ಯೂಯಾರ್ಕಿನ ಡಬ್ಲ್ಯೂಓಆರ್ ರೇಡಿಯೊ ಕೊಟ್ಟದ್ದು ‘ಮಾರ್ಥಾ ಡೀನ್’ ಎಂಬ ಕಲ್ಪಿತ ಅಜ್ಜಿಯ ಪಾತ್ರ. ಮಕ್ಕಳು, ಮೊಮ್ಮಕ್ಕಳು ತುಂಬಿದ ಮನೆಯ ಅಜ್ಜಿಯೊಬ್ಬರು ಗೃಹಿಣಿಯರಿಗೆ ಬುದ್ಧಿವಾದ ಹೇಳಬೇಕಿತ್ತು. ಕೆಲವೇ ವಾರಗಳಲ್ಲಿ, ಇಲ್ಲದ ಮೊಮ್ಮಕ್ಕಳ ಹೆಸರುಗಳನ್ನೇ ಕಲಸಿಕೊಂಡು ಸಾಕಾದ ಮೆಕ್‌ಬ್ರೈಡ್ ಅವರು ನೇರ ಪ್ರಸಾರದಲ್ಲೇ ಮಾತು ನಿಲ್ಲಿಸಿ, ನಾನು ಅಜ್ಜಿಯಲ್ಲ, ನನಗೆ ಮಕ್ಕಳಿಲ್ಲ, ನಾನೊಬ್ಬ ವರದಿಗಾರ್ತಿ, ಹೊರಗೆ ಹೋಗಿ ಕಂಡದ್ದನ್ನು ಬಂದು ನಿಮಗೆ ಹೇಳಬಲ್ಲೆ ಎಂಬ ಅರ್ಥದಲ್ಲಿ ಕೇಳುಗರಿಗೆ ಹೇಳಿಬಿಟ್ಟರು. ಕೆಲಸ ಹೋಗಬಹುದಾದ ಆ ಕ್ಷಣದಿಂದಲೇ ಅವರ ನಿಜವಾದ ವೃತ್ತಿ ಶುರುವಾಯಿತು.

ಆ ದಿನಗಳಲ್ಲಿ ರೇಡಿಯೊದಲ್ಲಿ ಹೆಚ್ಚಿನ ಸಂದರ್ಶನಗಳು ಬರೆದಿಟ್ಟ ಪ್ರತಿಯನ್ನು ಇಬ್ಬರೂ ಓದುವ ನಾಟಕಗಳಾಗಿದ್ದವು ಎಂಬುದನ್ನು ನೆನಪಿಟ್ಟುಕೊಂಡರೆ, ಮೆಕ್‌ಬ್ರೈಡ್ ಅವರು ಕಾಗದವಿಲ್ಲದೆ ಮಾತಾಡಿದ್ದರ ಬೆಲೆ ತಿಳಿಯುತ್ತದೆ. ಅತಿಥಿಯ ಬಗ್ಗೆ ಮೊದಲೇ ಬೇಕಾದಷ್ಟು ಓದಿಕೊಂಡು ಬರುತ್ತಿದ್ದರು. ಆದರೆ ಮೈಕಿನ ಮುಂದೆ, ಏನೂ ಗೊತ್ತಿಲ್ಲದವರಂತೆ, ತಡವರಿಸುತ್ತ, ದಾರಿತಪ್ಪಿದಂತೆ ಕೇಳುತ್ತಿದ್ದರು. ಲೇಖಕರು, ನಟರು, ರಾಜಕಾರಣಿಗಳು, ಸೇನಾನಿಗಳು ತಾವು ಎಣಿಸಿದ್ದಕ್ಕಿಂತ ಹೆಚ್ಚನ್ನು ಅವರ ಮುಂದೆ ಹೇಳಿಕೊಂಡರು. ತಾವು ಬಳಸಿ ಒಪ್ಪದ ವಸ್ತುವಿನ ಜಾಹೀರಾತನ್ನು ಅವರು ಓದುತ್ತಿರಲಿಲ್ಲ. 1949ರಲ್ಲಿ ಅವರ ಕಾರ್ಯಕ್ರಮದ ಹದಿನೈದನೆಯ ವಾರ್ಷಿಕೋತ್ಸವಕ್ಕೆ ಸಭಾಂಗಣಗಳು ಸಾಲದೆ ಯಾಂಕೀ ಕ್ರೀಡಾಂಗಣವನ್ನೇ ಗೊತ್ತುಮಾಡಬೇಕಾಯಿತು. ಹೀಗಿದ್ದೂ 1948ರಲ್ಲಿ ಅವರು ಟೆಲಿವಿಷನ್ನಿಗೆ ಬಂದಾಗ ಕಾರ್ಯಕ್ರಮ ಕೆಲವೇ ತಿಂಗಳಲ್ಲಿ ನಿಂತುಹೋಯಿತು. ಕಿವಿಗೆ ಆಪ್ತವಾಗಿದ್ದ ಆ ತಡವರಿಕೆ ಕಣ್ಣಿಗೆ ಅಸಡ್ಡಾಳವಾಗಿ ಕಂಡಿತು ಎಂದು ವಿಮರ್ಶಕರು ಹೇಳಿದರೂ, ಟೆಲಿವಿಷನ್ ಅವರಿಗೆ ಸಮಯ ಕೊಡಲಿಲ್ಲ ಎಂಬುದೇ ನನ್ನ ಭಾವನೆ. ಕೊನೆಯ ವರ್ಷಗಳಲ್ಲಿ ಅವರು ನ್ಯೂಯಾರ್ಕ್ ರಾಜ್ಯದ ಗ್ರಾಮೀಣ ಭಾಗದ ತಮ್ಮ ಮನೆಯಿಂದಲೇ ಸ್ಥಳೀಯ ರೇಡಿಯೊಗೆ ಜನರೊಡನೆ ಮಾತಾಡುತ್ತಿದ್ದರು.

ಮೆಕ್‌ಬ್ರೈಡ್ ಅವರು ಅತಿಥಿಗಳನ್ನು ತಮ್ಮ ಬಳಿಗೆ ಕರೆಸಿಕೊಂಡರೆ, ಟೆಲಿವಿಷನ್ನಿನ ಮೊದಲ ದೊಡ್ಡ ಸೆಲೆಬ್ರಿಟಿ ಸಂದರ್ಶನ ಸರಣಿ ಅತಿಥಿಯ ಮನೆಗೇ ಹೋಯಿತು. 1953ರ ಅಕ್ಟೋಬರ್ 2ರಂದು ಸಿಬಿಎಸ್ ವಾಹಿನಿಯಲ್ಲಿ ಎಡ್ವರ್ಡ್ ಮರೋ ಅವರ ‘ಪರ್ಸನ್ ಟು ಪರ್ಸನ್’ ಶುರುವಾಯಿತು. ಎರಡನೆಯ ಮಹಾಯುದ್ಧದಲ್ಲಿ ಬಾಂಬ್ ದಾಳಿಯ ನಡುವಿನ ಲಂಡನ್ನಿನಿಂದ ವರದಿ ಮಾಡಿ ಹೆಸರಾದವರು ಮರೋ. ಸೆನೆಟರ್ ಮೆಕಾರ್ಥಿ ಅವರ ಬೆದರಿಕೆಯ ರಾಜಕಾರಣವನ್ನು 1954ರ ಮಾರ್ಚ್‌ನಲ್ಲಿ ಟೆಲಿವಿಷನ್ನಿನಲ್ಲೇ ಎದುರಿಸಿದವರೂ ಅವರೇ. ಅಂಥವರು ಪ್ರತಿ ಶುಕ್ರವಾರ ರಾತ್ರಿ ನ್ಯೂಯಾರ್ಕಿನ ಸ್ಟುಡಿಯೊದಲ್ಲಿ ಒರಗು ಕುರ್ಚಿಯಲ್ಲಿ ಕುಳಿತು, ಕೈಯಲ್ಲಿ ಸಿಗರೇಟು ಹಿಡಿದು, ದೊಡ್ಡ ಪರದೆಯಲ್ಲಿ ಮೂಡುವ ಬೇರೊಬ್ಬರ ಮನೆಯನ್ನು ನೋಡುತ್ತ ಆ ಮನೆಯವರೊಡನೆ ಮಾತಾಡುತ್ತಿದ್ದರು. ಅರ್ಧ ಗಂಟೆ, ಎರಡು ಮನೆ, ಎಲ್ಲವೂ ನೇರ ಪ್ರಸಾರ.

ಇದರ ಹಿಂದಿನ ದುಡಿಮೆ ಸಣ್ಣದಲ್ಲ. ಒಂದು ಸಂಸಾರದ ಮನೆ ಒಂದು ದಿನದ ಮಟ್ಟಿಗೆ ಸ್ಟುಡಿಯೊ ಆಗಬೇಕಿತ್ತು. ಭಾರವಾದ ಕ್ಯಾಮೆರಾಗಳು, ದೀಪಗಳು, ಕೋಣೆಯಿಂದ ಕೋಣೆಗೆ ಎಳೆದ ಕೇಬಲ್‌ಗಳು, ಚಿತ್ರವನ್ನು ಮೈಕ್ರೋವೇವ್ ಮೂಲಕ ನಗರಕ್ಕೆ ಕಳಿಸುವ ಉಪಕರಣಗಳು ಮನೆಯೊಳಗೂ ಹೊರಗೂ ತುಂಬಿಕೊಳ್ಳುತ್ತಿದ್ದವು. ಅತಿಥಿಗಳು ಓಡಾಡಿಕೊಂಡು ಮಾತಾಡಲೆಂದು ಆ ಕಾಲಕ್ಕೆ ಹೊಸದಾಗಿದ್ದ ವೈರ್‌ಲೆಸ್ ಮೈಕುಗಳನ್ನು ಬಟ್ಟೆಯೊಳಗೆ ಮುಚ್ಚಿಡುತ್ತಿದ್ದರು. ಮರೋ ಅವರಿಗೆ ಅತಿಥಿ ಕಾಣುತ್ತಿದ್ದರು, ಅತಿಥಿಗೆ ಮರೋ ಕಾಣುತ್ತಿರಲಿಲ್ಲ; ಕೇಳುತ್ತಿದ್ದದ್ದು ಅವರ ದನಿ ಮಾತ್ರ. ಹಳೆಯ ದೃಶ್ಯಗಳಲ್ಲಿ ಗಂಡಹೆಂಡಿರು ಕ್ಯಾಮೆರಾದ ಕಡೆಗೂ ಪರಸ್ಪರರ ಕಡೆಗೂ ನೋಡುತ್ತ, ಎಲ್ಲೋ ಗಾಳಿಯಲ್ಲಿ ತೇಲಿಬರುವ ಪ್ರಶ್ನೆಗೆ ಉತ್ತರಿಸುತ್ತ ನಿಂತಿರುವುದನ್ನು ಕಂಡಾಗ ಅವರ ಮುಜುಗರದ ಕಾರಣ ಇದೇ ಎಂದು ತಿಳಿಯುತ್ತದೆ.

ಮೊದಲ ಕಂತಿನ ಒಂದು ಮನೆ ಬ್ರೂಕ್ಲಿನ್ ಡಾಜರ್ಸ್ ತಂಡದ ಬೇಸ್‌ಬಾಲ್ ಆಟಗಾರ ರಾಯ್ ಕ್ಯಾಂಪನೆಲ್ಲಾ ಅವರದು. ಅದೇ ದಿನ ವರ್ಲ್ಡ್ ಸೀರೀಸ್ ಪಂದ್ಯದಲ್ಲಿ ಅವರು ಬಾರಿಸಿದ ಹೋಮ್ ರನ್ನಿನಿಂದ ಅವರ ತಂಡ ಗೆದ್ದಿತ್ತು. ಬೇಸ್‌ಬಾಲ್‌ನ ಅಗ್ರ ಲೀಗಿನಲ್ಲಿ ವರ್ಣಭೇದದ ಗೋಡೆ ಒಡೆದು ಆಗ ಆರೇ ವರ್ಷಗಳಾಗಿದ್ದವು. ಕಪ್ಪು ವರ್ಣೀಯ ಕುಟುಂಬವೊಂದರ ಪಡಸಾಲೆಗೆ, ಬಂದ ನೆಂಟನ ಸಭ್ಯತೆಯಿಂದ, ಇಡೀ ದೇಶದ ಕಣ್ಣನ್ನು ಕರೆದೊಯ್ದದ್ದು ಸಣ್ಣ ಸಂಗತಿಯಲ್ಲ. ‘ಪರ್ಸನ್ ಟು ಪರ್ಸನ್’ ಹಗುರವಾದ ಕಾರ್ಯಕ್ರಮ ಎಂದು ತಳ್ಳಿಹಾಕುವವರು ಈ ಮೊದಲ ರಾತ್ರಿಯನ್ನು ಗಣನೆಗೆ ತೆಗೆದುಕೊಳ್ಳುವುದಿಲ್ಲ. ಅದೇ ತಿಂಗಳ ಕೊನೆಯಲ್ಲಿ, ಮದುವೆಯಾಗಿ ಎರಡು ತಿಂಗಳೂ ತುಂಬಿರದ ಸೆನೆಟರ್ ಜಾನ್ ಕೆನಡಿ ಮತ್ತು ಜಾಕ್ವೆಲಿನ್ ಅವರ ಬಾಸ್ಟನ್ನಿನ ಮನೆಗೆ ಕ್ಯಾಮೆರಾ ಹೋಯಿತು. 1955ರ ಏಪ್ರಿಲ್‌ನಲ್ಲಿ ಮರ್ಲಿನ್ ಮನ್ರೋ ಅವರು ಕನೆಕ್ಟಿಕಟ್‌ನಲ್ಲಿದ್ದ ತಮ್ಮ ಛಾಯಾಗ್ರಾಹಕ ಮಿತ್ರ ಮಿಲ್ಟನ್ ಗ್ರೀನ್ ಅವರ ಮನೆಯಿಂದ ಮಾತಾಡಿದರು. ಜಗತ್ತು ಅತಿ ಹೆಚ್ಚು ಕಂಡ ಮುಖ ಅಲ್ಲಿ ನಾಚಿ ಹಿಂಜರಿಯುತ್ತದೆ, ಆ ಮನೆಯೊಡತಿ ಏಮಿ ಗ್ರೀನ್ ಸರಾಗವಾಗಿ ಮಾತಾಡುತ್ತಾರೆ. ಇನ್ನೊಬ್ಬರ ಮನೆಯಲ್ಲಿ ಆಶ್ರಯ ಪಡೆದವರನ್ನು ಮತ್ತೊಬ್ಬರು ಬಂದು ಮಾತಾಡಿಸುತ್ತಿರುವ ಆ ಸನ್ನಿವೇಶದಲ್ಲಿ ಮನ್ರೋ ಅವರಿಗೆ ತಮ್ಮದೆಂಬ ನೆಲವೇ ಇರಲಿಲ್ಲ.

ಮರೋ ಅವರ ಪ್ರಶ್ನೆಗಳು ಮೆದುವಾಗಿದ್ದವು ಎಂಬ ಟೀಕೆ ಅಂದಿನಿಂದಲೂ ಇದೆ. ಮೆಕಾರ್ಥಿಯನ್ನು ಎದುರಿಸಿದ ಪತ್ರಕರ್ತ ಒಬ್ಬರು, ಚಿತ್ರತಾರೆಯ ಗೋಡೆಯ ಚಿತ್ರಗಳನ್ನು ಹೊಗಳುವವರು ಇನ್ನೊಬ್ಬರು ಎಂಬಂತೆ ವಿಮರ್ಶಕರು ಅವರನ್ನು ಎರಡಾಗಿ ಸೀಳಿ ನೋಡಿದರು. ನನಗೆ ಹಾಗನ್ನಿಸುವುದಿಲ್ಲ. ಕರೆದವರ ಮನೆಗೆ ಹೋಗಿ ಅವರನ್ನು ಕಟಕಟೆಯಲ್ಲಿ ನಿಲ್ಲಿಸಲು ಬರುವುದಿಲ್ಲ. ಮರೋ ಅವರು ತಾವೇ ಒಪ್ಪಿಕೊಂಡ ನೆಂಟಸ್ತಿಕೆಯ ಮರ್ಯಾದೆಯನ್ನು ಉಳಿಸಿಕೊಂಡರು. ಅವರಿಗೆ ಹೆಚ್ಚು ನೋವು ತಂದದ್ದು ಮತ್ತೊಂದು ಆಪಾದನೆ. 1959ರಲ್ಲಿ ಅಮೆರಿಕದ ಕ್ವಿಜ್ ಕಾರ್ಯಕ್ರಮಗಳಲ್ಲಿ ಉತ್ತರಗಳನ್ನು ಮೊದಲೇ ಹೇಳಿಕೊಡುತ್ತಿದ್ದ ಹಗರಣ ಬಯಲಾದಾಗ, ಸಿಬಿಎಸ್ ಅಧ್ಯಕ್ಷ ಫ್ರಾಂಕ್ ಸ್ಟಾಂಟನ್ ಅವರು, ಪೂರ್ವಸಿದ್ಧತೆಯಿದ್ದೂ ಇಲ್ಲವೆಂಬಂತೆ ತೋರುವ ಕಾರ್ಯಕ್ರಮ ಎಂದು ‘ಪರ್ಸನ್ ಟು ಪರ್ಸನ್’ ಅನ್ನೂ ಅದೇ ಸಾಲಿಗೆ ಸೇರಿಸಿದರು. ಅತಿಥಿ ಯಾವ ಕೋಣೆಯಿಂದ ಯಾವ ಕೋಣೆಗೆ ನಡೆಯುತ್ತಾರೆಂಬುದು ಮೊದಲೇ ತಿಳಿಯದಿದ್ದರೆ ಅಷ್ಟು ದೊಡ್ಡ ಕ್ಯಾಮೆರಾಗಳನ್ನು ಸರಿಸುವುದಾದರೂ ಹೇಗೆ? ವಿದೇಶದಲ್ಲಿ ರಜೆಯಲ್ಲಿದ್ದ ಮರೋ ಅವರು ಕಟುವಾಗಿ ಉತ್ತರಿಸಿದರು. ಅಷ್ಟರಲ್ಲಾಗಲೇ ಕಾರ್ಯಕ್ರಮ ಚಾರ್ಲ್ಸ್ ಕಾಲಿಂಗ್‌ವುಡ್ ಅವರ ಕೈಗೆ ಹೋಗಿತ್ತು.

ಇದೇ ಅವಧಿಯಲ್ಲಿ ಮೂರನೆಯದೊಂದು ಏರ್ಪಾಟೂ ಬೆಳೆಯಿತು. ರಾಲ್ಫ್ ಎಡ್ವರ್ಡ್ಸ್ ಅವರು 1948ರಲ್ಲಿ ರೇಡಿಯೊದಲ್ಲಿ ಆರಂಭಿಸಿ 1952ರಲ್ಲಿ ಟೆಲಿವಿಷನ್ನಿಗೆ ತಂದ ‘ದಿಸ್ ಈಸ್ ಯುವರ್ ಲೈಫ್’ ಕಾರ್ಯಕ್ರಮದಲ್ಲಿ, ಅತಿಥಿಯನ್ನು ಕೂರಿಸಿ, ಅವರ ಬಾಳಿನ ಹಳೆಯ ದನಿಗಳನ್ನು ತೆರೆಯ ಹಿಂದಿನಿಂದ ಕೇಳಿಸಿ, ಆಮೇಲೆ ಒಬ್ಬೊಬ್ಬರನ್ನಾಗಿ ಎದುರಿಗೆ ತಂದು ನಿಲ್ಲಿಸುತ್ತಿದ್ದರು. 2014ರಿಂದ ‘ವೀಕೆಂಡ್ ವಿತ್ ರಮೇಶ್’ ನೋಡಿದ ಕನ್ನಡಿಗರಿಗೆ ಇದನ್ನು ವಿವರಿಸಬೇಕಾಗಿಲ್ಲ. ಸಾಧಕರ ಕುರ್ಚಿಯಲ್ಲಿ ಕುಳಿತವರು ಶಾಲೆಯ ಮೇಷ್ಟರ ದನಿ ಕೇಳಿ ಎದ್ದು ನಿಲ್ಲುವ ಗಳಿಗೆ ಆ ಪರಂಪರೆಗೇ ಸೇರಿದ್ದು. ಎಡ್ವರ್ಡ್ಸ್ ಅವರ ವೇದಿಕೆ ಕೆಲವೊಮ್ಮೆ ಹೊರಲಾರದ ಭಾರವನ್ನು ಹೊತ್ತಿತು. 1955ರ ಮೇ ತಿಂಗಳಲ್ಲಿ ಹಿರೋಷಿಮಾದಲ್ಲಿ ಬದುಕುಳಿದ ಪಾದ್ರಿ ಕಿಯೋಷಿ ತನಿಮೊಟೊ ಅವರನ್ನು ಕೂರಿಸಿ, ಬಾಂಬು ಹಾಕಿದ ವಿಮಾನದ ಸಹ ಪೈಲಟ್ ರಾಬರ್ಟ್ ಲೂಯಿಸ್ ಅವರನ್ನು ಅದೇ ವೇದಿಕೆಗೆ ಕರೆತಂದರು. ಅಂಥ ಭೇಟಿಯನ್ನು ಜಾಹೀರಾತುಗಳ ನಡುವೆ, ಮೊದಲೇ ತಿಳಿಸದೆ ನಡೆಸಿದ್ದನ್ನು ನನಗೆ ಇಂದಿಗೂ ಒಪ್ಪಲಾಗುವುದಿಲ್ಲ.

ಈಗ ಮೇಜಿನ ವಿಷಯ. ಎನ್‌ಬಿಸಿಯ ಪ್ಯಾಟ್ ವೀವರ್ ಅವರು ಮೊದಲು ತಡರಾತ್ರಿಗೆಂದು 1950ರಲ್ಲಿ ‘ಬ್ರಾಡ್ವೇ ಓಪನ್ ಹೌಸ್’, ಬೆಳಗಿಗೆಂದು 1952ರ ಜನವರಿಯಲ್ಲಿ ‘ಟುಡೇ’, ಆಮೇಲೆ ‘ಟುನೈಟ್’ ತಂದರು. ಅವರ ಮುಖ್ಯ ಯೋಚನೆ ಹಣದ್ದು: ಒಂದೇ ಕಂಪನಿ ಇಡೀ ಕಾರ್ಯಕ್ರಮದ ಒಡೆಯನಾಗುವ ರೇಡಿಯೊ ಕಾಲದ ಪದ್ಧತಿಯ ಬದಲು, ನಿಯತಕಾಲಿಕದ ಪುಟಗಳಂತೆ ಜಾಹೀರಾತಿನ ನಿಮಿಷಗಳನ್ನು ಹಲವರಿಗೆ ಮಾರುವುದು, ಕಾರ್ಯಕ್ರಮವನ್ನು ವಾಹಿನಿಯೇ ಇಟ್ಟುಕೊಳ್ಳುವುದು. ಇದರಿಂದ ಮನೆ ಕೊನೆಗೂ ವಾಹಿನಿಯದಾಯಿತು. ನಿರೂಪಕ ಅದರ ಯಜಮಾನನಾದ. ಸ್ಟೀವ್ ಆಲನ್ ಇದಕ್ಕೆ ಹೇಳಿಮಾಡಿಸಿದವರು. ಹಿಂದೆ ಲಾಸ್ ಏಂಜಲೀಸಿನ ರೇಡಿಯೊದಲ್ಲಿ ಡೋರಿಸ್ ಡೇ ಬರಬೇಕಿದ್ದ ರಾತ್ರಿ ಅವರು ಬಾರದೆ ಹೋದಾಗ, ಆಲನ್ ಮೈಕನ್ನು ಎತ್ತಿಕೊಂಡು ಪ್ರೇಕ್ಷಕರ ನಡುವೆ ನಡೆದು ಅವರೊಡನೆಯೇ ಮಾತಾಡಿ ವೇಳೆ ತುಂಬಿಸಿದ್ದರು. ಅತಿಥಿ ಬರಲಿ, ಬಾರದಿರಲಿ, ಕಾರ್ಯಕ್ರಮ ನಡೆಯುತ್ತದೆ ಎಂಬ ಧೈರ್ಯ ಆ ರಾತ್ರಿಯದು.

1957ರ ಜುಲೈಯಲ್ಲಿ ಜ್ಯಾಕ್ ಪಾರ್ ‘ಟುನೈಟ್’ಗೆ ಬಂದ ಮೇಲೆ ಹಾಡು, ಪ್ರಹಸನ ಹಿಂದೆ ಸರಿದು ಮಾತೇ ಮುಖ್ಯವಾಯಿತು. ಪಾರ್ ಅವರು ಭಾವುಕರು, ಸಿಟ್ಟಿನವರು, ಕುತೂಹಲಿಗಳು. ಶೌಚಾಲಯಕ್ಕೆ ಸಂಬಂಧಿಸಿದ ನಿರಪಾಯವಾದ ಒಂದು ಹಾಸ್ಯಪ್ರಸಂಗವನ್ನು ವಾಹಿನಿ ತನ್ನನ್ನು ಕೇಳದೆ ಕತ್ತರಿಸಿತೆಂದು 1960ರ ಫೆಬ್ರವರಿ 11ರಂದು ಅವರು ಕಾರ್ಯಕ್ರಮದ ನಡುವೆಯೇ ಎದ್ದು ಹೊರನಡೆದರು. ಉಳಿದ ಹೊತ್ತನ್ನು ಸಹಾಯಕ ಹ್ಯೂ ಡೌನ್ಸ್ ನಿಭಾಯಿಸಬೇಕಾಯಿತು. ಮಾರ್ಚ್ 7ರಂದು ಮರಳಿದರು. ಯಜಮಾನನಂತೆ ಕೂತವನು ನಿಜವಾದ ಯಜಮಾನನಲ್ಲ ಎಂಬುದನ್ನು ದೇಶವೆಲ್ಲ ಆ ವಾರಗಳಲ್ಲಿ ಕಂಡಿತು. 1962ರ ಅಕ್ಟೋಬರ್ 1ರಂದು ಆ ಮೇಜಿಗೆ ಬಂದ ಜಾನಿ ಕಾರ್ಸನ್ 30 ವರ್ಷ ಅಲ್ಲೇ ಉಳಿದರು. ನಮ್ಮಲ್ಲಿ ಟೆಲಿವಿಷನ್ನೇ ತಡವಾಗಿ ಹರಡಿತು. 1972ರಲ್ಲಿ ಮುಂಬೈ ದೂರದರ್ಶನ ಆರಂಭವಾದ ಕಾಲದಲ್ಲೇ ಬಾಲನಟಿಯಾಗಿ ಬೆಳೆದ ತಬಸ್ಸುಮ್ ಅವರು ‘ಫೂಲ್ ಖಿಲೇ ಹೈ ಗುಲ್ಶನ್ ಗುಲ್ಶನ್’ ಶುರುಮಾಡಿ ಹಿಂದಿ ಚಿತ್ರರಂಗದವರನ್ನು ಎರಡು ದಶಕ ಮಾತಾಡಿಸಿದರು. ಚಿತ್ರರಂಗದ ಒಳಗಿನವರೇ ಒಳಗಿನವರನ್ನು ಕೇಳುವ ಆ ಸಲಿಗೆ ಅಮೆರಿಕದ ಮೇಜಿನದ್ದಲ್ಲ.

ಇವೆಲ್ಲಕ್ಕಿಂತ ನನ್ನನ್ನು ಹೆಚ್ಚು ಕಾಡಿದ್ದು ಬಿಬಿಸಿಯ ‘ಫೇಸ್ ಟು ಫೇಸ್’. 1959ರ ಫೆಬ್ರವರಿಯಿಂದ 1962ರವರೆಗೆ ನಡೆದದ್ದು 35 ಸಂದರ್ಶನಗಳು ಮಾತ್ರ. ಸೈನಿಕರಾಗಿ, ಲೇಬರ್ ಪಕ್ಷದ ಸಂಸದರಾಗಿ, ಪತ್ರಕರ್ತರಾಗಿ ಬಂದ ಜಾನ್ ಫ್ರೀಮನ್ ಇದರ ಸಂದರ್ಶಕರು. ನಿರ್ಮಾಪಕರು ಹ್ಯೂ ಬರ್ನೆಟ್. ನ್ಯೂಯಾರ್ಕಿನಲ್ಲಿ ಮೈಕ್ ವಾಲೆಸ್ ಅವರು 1956ರಲ್ಲೇ ಕಪ್ಪು ಹಿನ್ನೆಲೆ, ಒಂದು ದೀಪ, ನೇರ ಪ್ರಶ್ನೆ ಎಂಬ ಕ್ರಮವನ್ನು ಬಳಸಿದ್ದರು. ಫ್ರೀಮನ್ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ ತಮ್ಮ ಮುಖವನ್ನೇ ಮರೆಮಾಡಿಕೊಂಡರು. ಪರದೆಯ ಮೇಲೆ ಅವರ ತಲೆಯ ಹಿಂಭಾಗ, ಭುಜದ ಅಂಚು, ಅಷ್ಟೇ. ಆರಂಭದಲ್ಲಿ ಫೆಲಿಕ್ಸ್ ಟೊಪೊಲ್ಸ್ಕಿ ಅವರು ಬರೆದ ಅತಿಥಿಯ ರೇಖಾಚಿತ್ರಗಳು, ಆಮೇಲೆ ಅರ್ಧ ಗಂಟೆ ಅತಿಥಿಯ ಮುಖ. ಬರ್ಟ್ರಂಡ್ ರಸೆಲ್, ಮಾರ್ಟಿನ್ ಲೂಥರ್ ಕಿಂಗ್ ಅವರಂಥವರ ಜತೆಗೆ ಇಪ್ಪತ್ತರ ಹರೆಯದ ಪಾಪ್ ಗಾಯಕ ಆಡಮ್ ಫೇತ್ ಕೂಡ ಅದೇ ಬೆಳಕಿನಲ್ಲಿ, ಅದೇ ಗಾಂಭೀರ್ಯದ ಪ್ರಶ್ನೆಗಳ ಮುಂದೆ ಕುಳಿತರು. ಇಲ್ಲಿ ಮನೆ ಯಾರದೂ ಅಲ್ಲ. ಉಪಚಾರವಿಲ್ಲ, ನಗಿಸುವ ಹೊಣೆಯೂ ಇಲ್ಲ.

ಅದರ ಅಪಾಯವೂ ಅಲ್ಲೇ ಕಂಡಿತು. ಗಿಲ್ಬರ್ಟ್ ಹಾರ್ಡಿಂಗ್ ಅವರು ‘ವಾಟ್ಸ್ ಮೈ ಲೈನ್?’ ಕಾರ್ಯಕ್ರಮದ ಒರಟು ಮಾತಿನಿಂದ ಬ್ರಿಟನ್ನಿನ ಮನೆಮಾತಾಗಿದ್ದವರು. 1960ರ ಸೆಪ್ಟೆಂಬರ್‌ನಲ್ಲಿ ಪ್ರಸಾರವಾದ ಸಂದರ್ಶನದಲ್ಲಿ ಫ್ರೀಮನ್ ಅವರು ಹಾರ್ಡಿಂಗ್ ಅವರನ್ನು ಸಾವಿನ ಬಗ್ಗೆ, ಸಾವನ್ನು ಹತ್ತಿರದಿಂದ ಕಂಡದ್ದರ ಬಗ್ಗೆ ಕೇಳಿದರು. ತೀರಿಕೊಂಡ ತಾಯಿಯ ನೆನಪಿನಲ್ಲಿ ಹಾರ್ಡಿಂಗ್ ಅವರ ಕಣ್ಣು ತುಂಬಿ ದನಿ ಕಟ್ಟಿತು. ಹತ್ತಿರಕ್ಕೆ ಹಿಡಿದಿದ್ದ ಕ್ಯಾಮೆರಾ ಸರಿಯಲಿಲ್ಲ. ಎರಡು ತಿಂಗಳಲ್ಲಿ ಅವರು ಬಿಬಿಸಿ ಕಟ್ಟಡದ ಹೊರಗೆ ಕುಸಿದು ತೀರಿಕೊಂಡರು. ಆ ಪ್ರಶ್ನೆಯ ಬಗ್ಗೆ ಫ್ರೀಮನ್ ಅವರಿಗೆ ಮುಂದೆ ವಿಷಾದವಿತ್ತು. ಇಂದು ಅತಿಥಿ ಅತ್ತರೆ ಹಿನ್ನೆಲೆಯಲ್ಲಿ ಪಿಟೀಲು ಕೇಳಿಸುತ್ತದೆ, ಅದೇ ತುಣುಕು ಮುಂದಿನ ವಾರದ ಜಾಹೀರಾತಾಗುತ್ತದೆ. ಫ್ರೀಮನ್ ಅವರ ಪ್ರಶ್ನೆ ನೋಯಿಸಿದ್ದು ನಿಜ, ಆದರೆ ಆ ಕಣ್ಣೀರನ್ನು ಅವರು ಬಯಸಿ ಹಿಂಡಿದ್ದಲ್ಲ. ಈ ವ್ಯತ್ಯಾಸ ನನಗೆ ದೊಡ್ಡದು.

ಅದೇ ಸರಣಿ ಒಮ್ಮೆ ಅತಿಥಿಯ ಮನೆಗೂ ಹೋಯಿತು. 1959ರಲ್ಲಿ ಜ್ಯೂರಿಕ್ ಸರೋವರದ ದಡದ ಕ್ಯೂಸ್ನಾಕ್ಟಿನಲ್ಲಿ ಇಳಿವಯಸ್ಸಿನ ಮನಶ್ಶಾಸ್ತ್ರಜ್ಞ ಕಾರ್ಲ್ ಯೂಂಗ್ ಅವರನ್ನು ಫ್ರೀಮನ್ ಮಾತಾಡಿಸಿದರು. ಈಗ ದೇವರನ್ನು ನಂಬುತ್ತೀರಾ ಎಂಬ ಪ್ರಶ್ನೆಗೆ ಯೂಂಗ್ ತುಸು ತಡೆದು, ನಂಬಬೇಕಾಗಿಲ್ಲ, ನನಗೆ ಗೊತ್ತಿದೆ ಎಂದರು. ಫ್ರೀಮನ್ ಆ ಉತ್ತರವನ್ನು ಜಗ್ಗಲಿಲ್ಲ. ಕಾರ್ಯಕ್ರಮ ಪ್ರಸಾರವಾದ ಮೇಲೆ, ಮನಶ್ಶಾಸ್ತ್ರದ ಗಂಧವಿಲ್ಲದ ಸಾಮಾನ್ಯ ಜನರಿಂದ ಯೂಂಗ್ ಅವರಿಗೆ ರಾಶಿ ರಾಶಿ ಪತ್ರಗಳು ಬಂದವು. ಅದನ್ನು ನೋಡಿದ್ದ ಲಂಡನ್ನಿನ ಪ್ರಕಾಶಕರೊಬ್ಬರು, ಯೂಂಗ್ ಅವರ ವಿಚಾರಗಳನ್ನು ಎಲ್ಲರಿಗೂ ತಿಳಿಯುವಂತೆ ಹೇಳುವ ಪುಸ್ತಕ ಬೇಕೆಂದು ಫ್ರೀಮನ್ ಅವರನ್ನೇ ರಾಯಭಾರಿಯಾಗಿ ಕಳಿಸಿದರು. ಯೂಂಗ್ ತಮ್ಮ ತೋಟದಲ್ಲಿ ಕುಳಿತು ಎರಡು ಗಂಟೆ ಕೇಳಿಸಿಕೊಂಡು ಆಗುವುದಿಲ್ಲ ಎಂದರು. ಆಮೇಲೆ ಅವರಿಗೊಂದು ಕನಸು ಬಿತ್ತು. ಅದರಲ್ಲಿ ಅವರು ವೈದ್ಯರಿಗಾಗಿ ಅಲ್ಲ, ಬಯಲಿನಲ್ಲಿ ನೆರೆದ ಜನಸಮೂಹಕ್ಕೆ ಮಾತಾಡುತ್ತಿದ್ದರು, ಜನ ಅರ್ಥಮಾಡಿಕೊಳ್ಳುತ್ತಿದ್ದರು. ಅವರು ಒಪ್ಪಿದರು, ಆಪ್ತ ಶಿಷ್ಯರೂ ಜತೆಗೆ ಬರೆಯಬೇಕು, ಎಲ್ಲವನ್ನೂ ಫ್ರೀಮನ್ ಹೊಂದಿಸಿಕೊಡಬೇಕು ಎಂಬ ಷರತ್ತುಗಳನ್ನಿಟ್ಟರು. 1961ರ ಜೂನ್‌ನಲ್ಲಿ ತೀರಿಕೊಳ್ಳುವ ಸ್ವಲ್ಪ ಮುಂಚೆ ತಮ್ಮ ಭಾಗವನ್ನು ಬರೆದು ಮುಗಿಸಿದ್ದರು. 1964ರಲ್ಲಿ ಹೊರಬಂದ ಆ ಪುಸ್ತಕಕ್ಕೆ ಪ್ರಸ್ತಾವನೆ ಬರೆದವರು ಫ್ರೀಮನ್. ಮರುವರ್ಷ ಅವರು ಬ್ರಿಟನ್ನಿನ ಹೈಕಮಿಷನರ್ ಆಗಿ ದೆಹಲಿಗೆ ಬಂದರು.